ತಿಂಗಳಣಬೆ ಮತ್ತು ಅರಮನೆಯ ಚಂದ್ರ

ಹಾಲ್ದಿಣ್ಣೆ ಎಂಬ ರಾಜ್ಯದಲ್ಲಿ ನಾನು ಆಸ್ಥಾನದ ಹೊಗಳುಭಟ್ಟನಾಗಿದ್ದೆ. ಹೆಸರು ಬೊಪ್ಪಣ್ಣ. ಜನ ನನ್ನನ್ನು ಮಹಾಜಾಣ ಅನ್ನುತ್ತಿದ್ದರು. ನಾನು ತೋರಿಸಿದ ಜಾಣತನವೆಲ್ಲ ನಾನೇ ಮೊದಲು ಮಾಡಿಟ್ಟ ಎಡವಟ್ಟಿನಿಂದ ಪಾರಾಗುವುದಕ್ಕೆ ಅಂತ ಅವರಿಗೆ ಗೊತ್ತಿರಲಿಲ್ಲ.

ಅಲ್ಲಿನ ಗುಡ್ಡದಲ್ಲಿ ತಿಂಗಳಣಬೆ ಬೆಳೆಯುತ್ತಿತ್ತು. ಅದಕ್ಕೆ ಮಳೆ ಬೇಡ, ಗೊಬ್ಬರ ಬೇಡ, ಬೆಳದಿಂಗಳೇ ಊಟ. ಬಿದಿಗೆಗೆ ಸಾಸಿವೆ ಕಾಳಿನಷ್ಟಿದ್ದದ್ದು ಹುಣ್ಣಿಮೆಗೆ ಊಟದ ತಟ್ಟೆಯಷ್ಟಾಗುತ್ತಿತ್ತು. ಆಮೇಲೆ ದಿನದಿನವೂ ಸೊರಗಿ ಅಮಾವಾಸ್ಯೆಗೆ ಮಣ್ಣು ಸೇರುತ್ತಿತ್ತು. ಅದನ್ನು ಕೀಳುವವರು ಹೊಂಬಾಳಜ್ಜಿಯ ಮನೆತನದವರು. ಅವರಿಗೊಂದು ಕಟ್ಟಳೆಯಿತ್ತು: ಅಮಾವಾಸ್ಯೆಯ ದಿನ ಯಾರೂ ಗುಡ್ಡ ಹತ್ತಬಾರದು. ಚಂದ್ರನೇ ಬಿಡುವು ತೆಗೆದುಕೊಂಡಿರುವಾಗ ಅವನ ಮಕ್ಕಳನ್ನು ಕಾಡಬಾರದಂತೆ.

ಒಂದು ದಿನ ಸಭೆಯಲ್ಲಿ ನನಗೆ ಹೊಸ ಬಿರುದು ಹೊಳೆಯಲಿಲ್ಲ. ಸಿಂಹ, ಆನೆ, ಮೇರುಪರ್ವತ ಎಲ್ಲ ಬಳಸಿ ಮುಗಿದಿದ್ದವು. ನಮ್ಮ ಪ್ರಭು ಭೋಗದೇವರೇ ನಿಜವಾದ ಚಂದ್ರ, ಮೇಲಿರುವುದು ಅವರ ಮುಂದೆ ಬರೀ ಹಣತೆ ಅಂತ ಬಾಯಿಗೆ ಬಂದದ್ದು ಹೇಳಿಬಿಟ್ಟೆ.

ಮಾತು ಆಡಿದರೆ ಹೋಯ್ತು, ಮುತ್ತು ಒಡೆದರೆ ಹೋಯ್ತು. ಪ್ರಭುಗಳು ಅದನ್ನು ನಂಬಿಬಿಟ್ಟರು.

"ಮೂರು ದಿನಕ್ಕೆ ಅಮಾವಾಸ್ಯೆ. ಅವತ್ತು ನಮ್ಮ ಮಾವನವರು ಬರುತ್ತಾರೆ. ಬೆಳಿಗ್ಗೆ ಅವರನ್ನು ಗುಡ್ಡಕ್ಕೆ ಕರೆದೊಯ್ದು ನನ್ನ ಮುಖ ತೋರಿಸುತ್ತೇನೆ, ಅಣಬೆ ಅರಳಲಿ. ಮಧ್ಯಾಹ್ನ ಅದರದೇ ಸಾರು. ಅರಳದಿದ್ದರೆ ಗುಡ್ಡದವರು ಸರಿಯಾಗಿ ನೋಡಿಕೊಂಡಿಲ್ಲ ಎಂದರ್ಥ. ಅವರನ್ನು ಓಡಿಸಿ ಅಲ್ಲಿ ಹುರುಳಿ ಬಿತ್ತಿಸುತ್ತೇನೆ."

ಹೊಗಳಿದವನು ನಾನು, ಗುಡ್ಡ ಕಳೆದುಕೊಳ್ಳುವವರು ಅವರು. ನಾಚಿಕೆಯಿಂದ ಹೊಂಬಾಳಜ್ಜಿಯ ಮನೆಗೆ ಹೋಗಿ ನಿಂತೆ. ಅಜ್ಜಿ ಬೈಯಲಿಲ್ಲ, ಕೂರು ಅಂತಲೂ ಅನ್ನಲಿಲ್ಲ. ಏಳು ತಲೆಮಾರಿಂದ ತಮಗೆ ಬೇರೆ ಕೆಲಸ ಗೊತ್ತಿಲ್ಲ ಅಂದಳು.

"ಚಂದ್ರನ ಬಗ್ಗೆ ನಿಂಗೇನು ಗೊತ್ತೋ ಬೊಪ್ಪಣ್ಣ? ಹೊಳೆಯೋದು ಯಾರಾದ್ರೂ ಮಾಡ್ತಾರೆ. ದಿನಾ ಒಂದಿಷ್ಟು ಕಮ್ಮಿ ಆಗೋದು ಕಷ್ಟ ಕಣೋ. ಮೇಲಕ್ಕೇರಿಸಿದೋನು ನೀನು, ನೀನೇ ಇಳಿಸು."

ಅಲ್ಲಿಗೆ ನನ್ನ ಮಂದ ತಲೆಗೆ ದಾರಿ ಕಂಡಿತು. ಹಾಗಾಗಿ ಈ ಜಾಣತನದಲ್ಲಿ ಮುಕ್ಕಾಲು ಪಾಲು ಅಜ್ಜಿಯದು.

ಮರುದಿನ ತುಂಬಿದ ಸಭೆಯಲ್ಲಿ ಪ್ರಭುಗಳ ಕಾಲಿಗೆ ಬಿದ್ದೆ. ಅಣಬೆ ಅರಳಬೇಕಾದರೆ ಚಂದ್ರನಾದವರು ಚಂದ್ರನ ಕಟ್ಟಳೆಯಂತೆ ನಡೆಯಬೇಕು ಅಂದೆ. ಅದೇನು ಅಂತಲೂ ಕೇಳದೆ ಪ್ರಭುಗಳು ಎಲ್ಲರೆದುರು ಮಾತು ಕೊಟ್ಟರು.

ಅಂದು ತ್ರಯೋದಶಿ. ಮಧ್ಯಾಹ್ನದ ಬಾಳೆಲೆಯ ಮೇಲೆ ಎರಡು ತುತ್ತು ಅನ್ನ ಮಾತ್ರ ಇತ್ತು. ಚಂದ್ರ ಇವತ್ತು ಅಷ್ಟೇ ಇರುವುದು ಅಂತ ವಿನಯದಿಂದ ತಿಳಿಸಿದೆ. ಚತುರ್ದಶಿಯಂದು ಒಂದೇ ಒಂದು ಹಪ್ಪಳ, ಅದೂ ಅಂಚಿನ ಚೂರು. ಪ್ರಭುಗಳು ನನ್ನನ್ನು ನುಂಗುವಂತೆ ನೋಡಿದರು. ಆದರೂ ಕೊಟ್ಟ ಮಾತಿಗೆ ತಪ್ಪದೆ ಆ ಚೂರನ್ನೇ ತಿಂದರು.

ಅಮಾವಾಸ್ಯೆಯ ಬೆಳಿಗ್ಗೆ ಮಾವನವರು ಬಂದಿಳಿದರು. ಅಡುಗೆಮನೆಯಿಂದ ಹೋಳಿಗೆಯ ಘಮ ಬರುತ್ತಿತ್ತು. ನಾನು ಪ್ರಭುಗಳ ಕೋಣೆಗೆ ಹೊರಗಿನಿಂದ ಅಗುಳಿ ಹಾಕಿ ಬಾಗಿಲಿಗೆ ಬೆನ್ನು ಕೊಟ್ಟು ನಿಂತಿದ್ದೆ. ಅಷ್ಟು ಹೊತ್ತಿಗಾಗಲೇ ಪಂಚೆ ಬೆವರಿಗೆ ಒದ್ದೆಯಾಗಿತ್ತು.

"ಬೊಪ್ಪಣ್ಣ, ಬಾಗಿಲು ತೆಗಿ. ಗುಡ್ಡಕ್ಕೆ ಹೋಗಬೇಕು," ಒಳಗಿನಿಂದ ಪ್ರಭುಗಳು ಗುಡುಗಿದರು.

"ಇವತ್ತು ಅಮಾವಾಸ್ಯೆ ಪ್ರಭು. ಚಂದ್ರ ಯಾರಿಗೂ ಮುಖ ತೋರಿಸುವ ಹಾಗಿಲ್ಲ. ಊಟವೂ ಇಲ್ಲ. ನಾಳೆ ಪಾಡ್ಯ, ನಾಳೆಯೂ ಕಾಣಿಸೋದು ಕಷ್ಟ. ನಾಡಿದ್ದು ಬಿದಿಗೆಗೆ ಒಂದು ಚೂರು ಹಪ್ಪಳ ಕೊಡಬಹುದು."

ಇತ್ತ ಮಾವನವರು ಅಳಿಯನನ್ನು ಕಾಣಲು ಬಂದವರು ನನ್ನ ಎದುರಿಗೇ ನಿಂತು ಎಲ್ಲ ಕೇಳಿಸಿಕೊಳ್ಳುತ್ತಿದ್ದರು. ಹೋಳಿಗೆಯ ಘಮ ಬಾಗಿಲ ಸಂದಿಯಿಂದ ಒಳಗೆ ಹೋಗಿರಬೇಕು.

"ನಾನು ಚಂದ್ರನಲ್ಲ ಕಣಯ್ಯ," ಅಂದರು ಪ್ರಭುಗಳು, ಸಣ್ಣ ದನಿಯಲ್ಲಿ. "ಹಸಿದ ಮನುಷ್ಯ. ಬಾಗಿಲು ತೆಗಿ."

"ಅಪ್ಪಣೆ. ಮನುಷ್ಯರ ಮುಖ ನೋಡಿ ಅಣಬೆ ಅರಳಲಿಲ್ಲ ಅಂತ ಹೊಂಬಾಳಜ್ಜಿಯನ್ನು ಗುಡ್ಡ ಬಿಡಿಸುವುದು ನ್ಯಾಯವೇ ಪ್ರಭು?"

"ಗುಡ್ಡ ಅವರದೇ. ಅವರ ಮಕ್ಕಳು ಮೊಮ್ಮಕ್ಕಳ ಕಾಲಕ್ಕೂ ಅವರದೇ. ಮೊದಲು ತೆಗಿ."

ತೆಗೆದೆ. ಮಾವನವರು ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ಅವರನ್ನು ಕಂಡ ಪ್ರಭುಗಳು ಮೊದಲು ಕೆಂಪಾದರು, ಆಮೇಲೆ ತಾವೂ ನಕ್ಕರು. ಇಬ್ಬರೂ ಊಟಕ್ಕೆ ಕೂತರು. ಒಂಬತ್ತನೆಯ ಹೋಳಿಗೆಗೆ ತುಪ್ಪ ಹಾಕಿಸಿಕೊಳ್ಳುತ್ತ ಪ್ರಭುಗಳು ನನ್ನ ಡೊಳ್ಳುಹೊಟ್ಟೆಯನ್ನೇ ನೋಡಿದರು.

"ನಾನು ಚಂದ್ರನಲ್ಲ, ಒಪ್ಪಿದೆ. ಆದರೂ ನನ್ನ ಬೆಳಕು ತಿಂದು ಹೀಗೆ ಊದಿಕೊಂಡ ಅಣಬೆಯೊಂದು ನಮ್ಮ ಆಸ್ಥಾನದಲ್ಲಿದೆಯಲ್ಲ, ಅದಕ್ಕೇನನ್ನುತ್ತೀಯ?"

ಕೈ ಮುಗಿದೆ. "ಅದಕ್ಕೇ ಪ್ರಭು, ತಮ್ಮ ಮನೆಗೆ ಅಮಾವಾಸ್ಯೆ ಬರದಿರಲಿ ಅಂತ ಎಲ್ಲರಿಗಿಂತ ಹೆಚ್ಚು ಹರಕೆ ಹೊರುವವನು ನಾನೇ."

ಅವತ್ತು ನನಗೆ ಸಿಕ್ಕ ಇನಾಮು ಎರಡು ಹೋಳಿಗೆ, ಜೊತೆಗೆ 'ಆಸ್ಥಾನದ ಅಣಬೆ' ಎಂಬ ಬಿರುದು. ನಾನು ಕೊಟ್ಟ ಬಿರುದುಗಳೆಲ್ಲ ಸುಳ್ಳು. ನನಗೆ ಸಿಕ್ಕಿದ್ದು ಮಾತ್ರ ಅಪ್ಪಟ ನಿಜ.