ಮಾವನಿಗೊಂದು ಎಲೆ

ಹೊಳೆದಂಡೆಯ ಆ ಆಶ್ರಮದಲ್ಲಿ ಬೆಳಗಿನ ಹಾಡು ಮುಗಿಯದೆ ಒಲೆ ಹೊತ್ತಿಸುವಂತಿರಲಿಲ್ಲ. ಹಾಡುತ್ತಿದ್ದ ಹಿರಿಯರು ತೀರಿಕೊಂಡರು. ಗುರುಗಳಿಗೋ ಗಂಟಲು ಕಟ್ಟಿತ್ತು. ಅವರನ್ನು ಬಿಟ್ಟರೆ ಹಾಡುಗಳೆಲ್ಲ ಬಾಯಿಪಾಠವಿದ್ದದ್ದು ಶಿಷ್ಯ ಚೆನ್ನವೀರನೊಬ್ಬನಿಗೆ.

"ನಾಳೆಯಿಂದ ನೀನು ಹಾಡು. ಇಲ್ಲವಾದರೆ ಈ ಪದ್ಧತಿ ನನ್ನೊಂದಿಗೇ ಮುಗಿಯುತ್ತದೆ" ಎಂದರು ಗುರುಗಳು.

"ನನ್ನಿಂದಾಗದು ಗುರುಗಳೇ. ನಾನು ಚಿಕ್ಕವನಿದ್ದಾಗ, ಮಾವನ ಮಗಳ ನಾಮಕರಣದಲ್ಲಿ..."

ಶುರುವಾಯಿತು! ತುಂಬಿದ ಪಂಕ್ತಿಯಲ್ಲಿ ಇವನು ಹಾಡಿದ್ದು, ಸೋದರಮಾವ "ನಿಲ್ಲಿಸೋ, ಕತ್ತೆ ನಾಚೀತು" ಅಂದದ್ದು, ಉಣ್ಣುತ್ತಿದ್ದವರೆಲ್ಲ ನಕ್ಕದ್ದು. ಕೇಳಿ ಕೇಳಿ ಆಶ್ರಮದವರ ತಲೆ ಚಿಟ್ಟು ಹಿಡಿದಿತ್ತು. ಕೊಟ್ಟಿಗೆಯ ಹಸುಗಳಿಗೂ ಕಥೆ ಗೊತ್ತಿದ್ದೀತು.

"ಅಂದಿನಿಂದ ನಾನು ಹಾಡು ಬಾರದವನು" ಎಂದು ಎಂದಿನಂತೆ ಮುಗಿಸಿದ.

"ಆಗ ನಿನಗೆಷ್ಟು ವಯಸ್ಸು?"

"ಏಳು."

"ಈಗ ಮೀಸೆ ನರೆಯುತ್ತಿದೆಯಲ್ಲೋ! ಪಾತ್ರೆ ಬೆಳಗುವಾಗ ಹಾಡುತ್ತೀಯಲ್ಲ?"

"ಅದು ಯಾರಿಗೂ ಕೇಳಿಸದ ಹಾಗೆ."

ಗುರುಗಳು ಹಣೆ ಚಚ್ಚಿಕೊಂಡರು.

ಮರುದಿನ ಅವರೇ ಕೆಮ್ಮುತ್ತ, ನಿಲ್ಲಿಸುತ್ತ ಹಾಡಿದರು. ಒಲೆ ಹೊತ್ತುವಷ್ಟರಲ್ಲಿ ಬಿಸಿಲು ನೆತ್ತಿಗೆ ಬಂದಿತ್ತು.

ಊಟಕ್ಕೆ ಕೂತಾಗ ಅಡುಗೆಯ ರುದ್ರಮ್ಮನನ್ನು ಕರೆದರು. "ಇವನ ಪಕ್ಕ ಇನ್ನೊಂದು ಎಲೆ ಹಾಕಮ್ಮ. ಮಾವನವರು ಬಂದಿದ್ದಾರೆ."

ಚೆನ್ನವೀರ ಬೆಚ್ಚಿದ. "ಮಾವ ಸತ್ತು ಎಷ್ಟೋ ವರ್ಷವಾಯಿತು ಗುರುಗಳೇ!"

"ಹೌದೇ? ದಿನಾ ಇಲ್ಲಿ ಮಾತಾಡುತ್ತಾರಪ್ಪ. ಅಷ್ಟು ಮಾತಾಡುವವರಿಗೆ ಹಸಿವಾಗದೇ? ರುದ್ರಮ್ಮ, ಇವನ ಪಾಲಿನಲ್ಲೇ ಬಡಿಸು."

ರುದ್ರಮ್ಮ ಮುದ್ದೆ ಮುರಿದು ಅರ್ಧ ಆ ಎಲೆಗೆ ಇಟ್ಟಳು. "ಸಂಕೋಚ ಮಾಡ್ಕೋಬ್ಯಾಡಿ ಮಾವನೋರೇ, ಸಾರು ಬೇಕಾದ್ರೆ ಕೇಳಿ" ಎಂದಳು. ಊಟವಾದ ಮೇಲೆ ಮಾವನ ಪಾಲು ಹಸುವಿಗೆ ಹೋಯಿತು.

ದಿನ ಕಳೆದಂತೆ ಮಾವನ ಮುದ್ದೆ ದೊಡ್ಡದಾಯಿತು. ಚೆನ್ನವೀರನದು ನಿಂಬೆಹಣ್ಣಿನಷ್ಟಕ್ಕೆ ಇಳಿಯಿತು. ಅವನು ಬೇಡಿದ, ಅತ್ತ. "ನನಗೇಕೆ ಹೇಳುತ್ತೀ? ಕರೆತಂದವನು ನೀನು" ಎಂದು ಗುರುಗಳು ರೇಗಿದರು.

ಕೊನೆಗೊಂದು ದಿನ ಪೂರ್ತಿ ಮುದ್ದೆಯೇ ಮಾವನ ಎಲೆಗೆ ಹೋಯಿತು. ಚೆನ್ನವೀರನ ಎಲೆಯಲ್ಲಿ ಉಳಿದದ್ದು ಉಪ್ಪು ಮಾತ್ರ.

ಅವನಿಗೆ ಎಲ್ಲಿತ್ತೋ ಸಿಟ್ಟು. ಎದ್ದು ನಿಂತು ಖಾಲಿ ಜಾಗದ ಕಡೆ ಕೈ ಚಾಚಿ ಕೂಗಿದ.

"ಮಾವಾ, ಸಾಕು! ಏಳು ಮೇಲೆ!"

ಹೊಳೆಯಾಚೆ ಬಟ್ಟೆ ಒಗೆಯುತ್ತಿದ್ದವರು ತಿರುಗಿ ನೋಡಿದರು. ಚೆನ್ನವೀರ ಗಾಬರಿಯಾಗಿ ಬಾಯಿ ಮುಚ್ಚಿಕೊಂಡು ಪಂಕ್ತಿಯತ್ತ ನೋಡಿದ. ಒಬ್ಬರೂ ನಗಲಿಲ್ಲ.

ಗುರುಗಳು ತಲೆ ಎತ್ತದೆ ಮುದ್ದೆ ಮುರಿದು ಸಾರಿಗೆ ಅದ್ದಿದರು.

"ಶ್ರುತಿ ಸರಿಯಾಗಿದೆ. ಬೆಳಗ್ಗೆ ಇಲ್ಲಿಂದಲೇ ಶುರು ಮಾಡು."