ನೋಡುವ ಮೊದಲೇ ಕೂಗಿದ ಹಸಿರು

ಜಪಾನಿನ ರೈಲುಗಳಲ್ಲಿ ಬಂಡಿ ನಡೆಸಲು ಕಲಿಸುವವರನ್ನು ಗುರು ಎಂದೇ ಕರೆಯುತ್ತಾರೆ. ಕಲಿಯುವವರು ಶಿಷ್ಯರು. ಅಲ್ಲಿ ಆಶ್ರಮವಿಲ್ಲ, ಮರದ ನೆರಳಿಲ್ಲ. ಇಬ್ಬರು ಮೈ ಒತ್ತಿಕೊಂಡು ಇರಬೇಕಾದ ಡ್ರೈವರ್ ಕೋಣೆಯೇ ಗುರುಕುಲ.

ಕುವಾಬಾರ ಅಂಥ ಒಬ್ಬ ಗುರು. ಕಡಲಂಚಿನಲ್ಲಿ ಓಡುವ ಇಸೊಹಿಯೊ ಎಂಬ ಬಂಡಿಯನ್ನು ತಲೆ ನರೆಯುವ ತನಕ ನಡೆಸಿದವರು.

ಇಸೊಹಿಯೊ ಎಂದರೆ ಬಂಡೆಗಳ ಮೇಲೆ ಕೂತು ಹಾಡುವ ಒಂದು ನೀಲಿ ಹಕ್ಕಿ. ಬಂಡಿಗೆ ಇದ್ದದ್ದು ಮೂರೇ ಬೋಗಿ. ಆದರೂ ಅದು ಲಿಮಿಟೆಡ್ ಎಕ್ಸ್‌ಪ್ರೆಸ್, ಸಣ್ಣ ಊರುಗಳಲ್ಲಿ ನಿಲ್ಲುವ ಜಾಯಮಾನದ್ದಲ್ಲ. ಇಡೀ ದಾರಿಗೆ ಇದ್ದದ್ದು ಒಂದೇ ಹಳಿ. ಎದುರಿನಿಂದ ಬರುವ ಪ್ಯಾಸೆಂಜರ್ ಬಂಡಿಗಳು ಯಾವುದಾದರೂ ಸಣ್ಣ ನಿಲ್ದಾಣದಲ್ಲಿ ಪಕ್ಕಕ್ಕೆ ಸರಿದು ಇದಕ್ಕೆ ದಾರಿ ಬಿಡಬೇಕಿತ್ತು.

ಶಿಷ್ಯೆಯ ಹೆಸರು ಮಿನಾಸೆ. ಅದೇ ಬಂಡಿಯಲ್ಲಿ ಎಷ್ಟೋ ವರ್ಷ ಗಾರ್ಡ್ ಆಗಿದ್ದವಳು. ಬರುವ ನಿಲ್ದಾಣದ ಹೆಸರನ್ನು ಅವಳು ಮೈಕಿನಲ್ಲಿ ಹೇಳಿದರೆ ಗೊರಕೆ ಹೊಡೆಯುತ್ತಿದ್ದವರೂ ಎದ್ದು ಚೀಲ ಹಿಡಿದುಕೊಳ್ಳುತ್ತಿದ್ದರು. ಅಂಥ ದನಿ.

ಆದರೆ ಗಾರ್ಡ್ ಇರುವುದು ಕೊನೆಯ ಬೋಗಿಯಲ್ಲಿ. ಬಿಟ್ಟುಬಂದ ಹಳಿಯನ್ನೇ ನೋಡಿ ನೋಡಿ ಮಿನಾಸೆಗೆ ಸಾಕಾಗಿತ್ತು. ಎದುರಿಗೆ ಬರುವ ಹಳಿಯನ್ನು ನೋಡಬೇಕೆಂಬುದು ಅವಳ ಆಸೆ. ಆ ಆಸೆಗಾಗಿ ಅವಳು ಮತ್ತೆ ಪಾಠ ಓದಿದಳು, ಪರೀಕ್ಷೆ ಬರೆದಳು, ತನಗಿಂತ ಚಿಕ್ಕವರ ಜೊತೆ ಬೆಂಚಿನ ಮೇಲೆ ಕೂತಳು. ಇನ್ನು ಉಳಿದದ್ದು ಗುರುಗಳ ಕಣ್ಣೆದುರು ಬಂಡಿ ನಡೆಸುವುದು. ಅವರು ಆಗಬಹುದು ಎಂದರೆ ಮಾತ್ರ ಡ್ರೈವರ್.

ಆ ರೈಲುಗಳಲ್ಲಿ ಒಂದು ಪದ್ಧತಿಯಿದೆ. ಎದುರಿಗೆ ಸಿಗ್ನಲ್ ಬಂದರೆ ಡ್ರೈವರ್ ಅದಕ್ಕೆ ಬೆರಳು ತೋರಿಸಬೇಕು. ಅದರ ಬಣ್ಣವನ್ನು ಬಾಯಿಬಿಟ್ಟು ಕೂಗಬೇಕು.

ಮೊದಲ ದಿನವೇ ಮಿನಾಸೆ ಕೇಳಿದಳು. “ಕಣ್ಣಿಗೆ ಕಂಡದ್ದನ್ನು ಕೂಗುವುದು ಯಾಕೆ ಗುರುಗಳೇ?”

“ಕಣ್ಣು ಸೋಮಾರಿ. ಬೆರಳು ಹೋಗಿ ಎಬ್ಬಿಸಬೇಕು.”

“ಮತ್ತೆ ಬಾಯಿ?”

“ಅದು ಕೊನೆಗೆ ಬರಬೇಕು. ಅದಕ್ಕೆ ಯಾವಾಗಲೂ ಅವಸರ.”

ಮಿನಾಸೆ ಬೇಗ ಕಲಿತಳು. ಬೆರಳು ಬಾಣದ ಹಾಗೆ ನೇರ, ದನಿ ಗಂಟೆಯ ಹಾಗೆ ಸ್ವಚ್ಛ. ಡಿಪೊದಲ್ಲಿ ಉಳಿದ ಡ್ರೈವರ್‌ಗಳು ರೇಗಿಸುತ್ತಿದ್ದರು. “ನಿನ್ನ ಕೂಗಿಗೆ ಹೆದರಿಯಾದರೂ ಸಿಗ್ನಲ್ ಹಸಿರಾಗುತ್ತದೆ ಬಿಡು.”

ಅವಳು ನಗುತ್ತಿದ್ದಳು. ಒಳಗೊಳಗೇ ಹಿಗ್ಗುತ್ತಿದ್ದಳು. ಹಿಗ್ಗದೆ ಇರಲು ಅವಳೇನು ಕಲ್ಲೇ?

ದಾರಿಯ ನಡುವೆ ಒಂದು ಸುರಂಗ. ಸುರಂಗ ಮುಗಿದೊಡನೆ ಒಂದು ತಿರುವು. ತಿರುವಿನಾಚೆ ನಾಗುಸಾ ಎಂಬ ಸಣ್ಣ ನಿಲ್ದಾಣ, ಅದರ ಸಿಗ್ನಲ್. ಇಸೊಹಿಯೊ ಬರುವ ಹೊತ್ತಿಗೆ ಎದುರಿನ ಪ್ಯಾಸೆಂಜರ್ ಬಂಡಿ ನಾಗುಸಾದಲ್ಲಿ ಪಕ್ಕಕ್ಕೆ ಸರಿದು ನಿಂತಿರುತ್ತಿತ್ತು. ಸಿಗ್ನಲ್ ಹಸಿರಾಗಿರುತ್ತಿತ್ತು. ಇಂದೂ ಹಸಿರು, ನಾಳೆಯೂ ಹಸಿರು.

ದಿನಗಳು ಕಳೆದ ಹಾಗೆ ಮಿನಾಸೆಯ ಕೂಗು ಒಂದೊಂದೇ ಕೂದಲೆಳೆ ಮುಂದೆ ಬಂತು. ಸಿಗ್ನಲ್ ಕಂಡ ಮೇಲೆ ಕೂಗುತ್ತಿದ್ದವಳು, ಕಾಣುವಾಗ ಕೂಗತೊಡಗಿದಳು. ಆಮೇಲೆ ಸುರಂಗದ ಬಾಯಿಯ ಬೆಳಕು ಮುಖಕ್ಕೆ ಬಿದ್ದರೆ ಸಾಕು, ಬೆರಳು ಏಳುತ್ತಿತ್ತು, ಬಾಯಿ ಹಸಿರು ಎನ್ನುತ್ತಿತ್ತು.

ಇದು ಅವಳಿಗೆ ಗೊತ್ತಾಗಲಿಲ್ಲ.

ಒಂದು ಮಧ್ಯಾಹ್ನ ಕಡಲ ಗಾಳಿ ಜೋರಾಗಿತ್ತು. ಎದುರಿನ ಪ್ಯಾಸೆಂಜರ್ ಬಂಡಿ ನಿಧಾನವಾಗಿ ಬರುತ್ತಿತ್ತು. ಇನ್ನೂ ನಾಗುಸಾ ಮುಟ್ಟಿರಲಿಲ್ಲ.

ಇಸೊಹಿಯೊ ಸುರಂಗದಿಂದ ಹೊರಬಂತು. ಮಿನಾಸೆಯ ಮುಖಕ್ಕೆ ಬೆಳಕು ಬಿತ್ತು. ಬೆರಳು ಎದ್ದಿತು.

“ನಾಗುಸಾ ಸಿಗ್ನಲ್, ಹಸಿರು!”

ಕೋಣೆಯಲ್ಲಿ ಗಂಟೆ ಕಿರುಚಿತು. ಚಕ್ರಗಳು ಹಳಿಯನ್ನು ಕಚ್ಚಿ ಹಿಡಿದವು. ಹಿಂದಿನ ಬೋಗಿಯಲ್ಲಿ ಯಾರದೋ ಸಾಮಾನು ಉರುಳಿತು, ಒಂದು ಮಗು ಅತ್ತಿತು. ಬಂಡಿ ನಿಂತಿತು. ಬ್ರೇಕ್ ಹಾಕಿದವರು ಯಾರೆಂದು ಮಿನಾಸೆಗೆ ತಿಳಿಯಲಿಲ್ಲ. ತನ್ನ ಕೈಯಂತೂ ಅಲ್ಲ.

“ಹಸಿರೇ ಇತ್ತು ಗುರುಗಳೇ. ನಾನು ನೋಡಿದೆ.”

ಗುರುಗಳು ಗಾಜಿನಾಚೆ ಬೆರಳು ತೋರಿಸಿದರು. ಸಿಗ್ನಲ್ ಕೆಂಪಾಗಿತ್ತು.

“ಈಗ ಕೆಂಪಾಗಿದೆ. ಆಗ...”

“ಆಗಲೂ ಕೆಂಪೇ.”

“ಹಾಗಾದರೆ ನಾನು ನೋಡಿದ್ದು?”

“ನಿನ್ನೆಯದು.”

ಅಷ್ಟರಲ್ಲಿ ಪ್ಯಾಸೆಂಜರ್ ಬಂಡಿ ಬಂತು. ಅವರ ಕಣ್ಣೆದುರೇ ಪಕ್ಕದ ಹಳಿಗೆ ತಿರುಗಿತು. ಶಾಲೆ ಬಿಟ್ಟ ಹೊತ್ತು. ಕಿಟಕಿಗಳ ತುಂಬ ಮಕ್ಕಳು. ಆ ಕಡೆಯ ಮಕ್ಕಳಿಗೆ ಎಕ್ಸ್‌ಪ್ರೆಸ್ ಕಂಡರೆ ಕೈ ಬೀಸುವ ಅಭ್ಯಾಸ. ಅಂದೂ ಬೀಸಿದರು.

ಮಿನಾಸೆ ದಿನವೂ ತಿರುಗಿ ಕೈ ಬೀಸುತ್ತಿದ್ದಳು. ಅಂದು ಅವಳ ಕೈ ಏಳಲಿಲ್ಲ. ಒಂದೊಂದು ಮುಖವೂ ಅವಳ ಕಣ್ಣಿಗೆ ಕಟ್ಟಿತು.

ಡಿಪೊ ಮುಖ್ಯಸ್ಥರು ಇಬ್ಬರನ್ನೂ ಕರೆಸಿದರು.

“ಬ್ರೇಕ್ ಹಾಕಿದ್ದು ಯಾರು?”

“ಗುರುಗಳು,” ಎಂದಳು ಮಿನಾಸೆ. “ಅವರು ಇಲ್ಲದಿದ್ದರೆ ಇಂದು...”

“ನಾನಲ್ಲ,” ಎಂದರು ಗುರುಗಳು. “ಯಂತ್ರ. ಕೆಂಪಿಗೆ ನುಗ್ಗುವ ಬಂಡಿಯನ್ನು ಅದು ತಾನೇ ಹಿಡಿದು ನಿಲ್ಲಿಸುತ್ತದೆ.”

“ನೀವು ಎಲ್ಲಿ ನೋಡುತ್ತಿದ್ದಿರಿ?”

“ಎದುರಿಗೇ ನೋಡುತ್ತಿದ್ದೆ.”

“ಏನು ಕಂಡಿತು?”

“ಹಸಿರು.”

ಮುಖ್ಯಸ್ಥರು ಕುರ್ಚಿಯಲ್ಲಿ ಮುಂದಕ್ಕೆ ಬಾಗಿದರು.

“ಶಿಷ್ಯೆ ಹಸಿರು ಎಂದಳು,” ಎಂದರು ಗುರುಗಳು. “ಅವಳ ದನಿಯಲ್ಲಿ ಎಳ್ಳಷ್ಟೂ ಅನುಮಾನವಿರಲಿಲ್ಲ. ನನಗೂ ಹಸಿರೇ ಕಂಡಿತು.”

ಮಿನಾಸೆ ತಲೆಯೆತ್ತಲಿಲ್ಲ. ಬೈಗುಳಕ್ಕೆ ಅವಳು ಸಿದ್ಧಳಾಗಿ ಬಂದಿದ್ದಳು. ಈ ಮಾತಿಗೆ ಸಿದ್ಧಳಾಗಿರಲಿಲ್ಲ.

ಹೊರಗೆ ಬಂದ ಮೇಲೆ ಅವಳು ಸೊಂಟ ಬಾಗಿಸಿ ನಿಂತಳು. “ನನ್ನಿಂದ ನಿಮ್ಮ ಹೆಸರು ಹಾಳಾಯಿತು ಗುರುಗಳೇ.”

“ನನ್ನ ಹೆಸರನ್ನು ನಾನೇ ಹಾಳುಮಾಡಿಕೊಂಡೆ. ಅದರಲ್ಲಿ ನೀನು ಪಾಲು ಕೇಳಬೇಡ.”

ಇಬ್ಬರನ್ನೂ ಬಂಡಿಯಿಂದ ಇಳಿಸಿ ಹೊಸಬರ ತರಗತಿಗೆ ಕಳಿಸಿದರು. ಮಿನಾಸೆ ನಾಚಿಕೆಯಿಂದ ಹಿಂದಿನ ಬೆಂಚು ಹಿಡಿದಳು. ಗುರುಗಳು ಮುಂದಿನ ಬೆಂಚಿನಲ್ಲಿ ಕೂತರು. ಪಾಠ ಹೇಳುತ್ತಿದ್ದವನು ಒಂದು ಕಾಲದಲ್ಲಿ ಅವರದೇ ಶಿಷ್ಯ. ಅವರು ಕೈ ಎತ್ತಿ ಪ್ರಶ್ನೆ ಕೇಳಿದಾಗಲೆಲ್ಲ ಅವನು ಬೆವರುತ್ತಿದ್ದ.

“ನಿಮಗೆ ಅವಮಾನ ಆಗುವುದಿಲ್ಲವೇ?” ಎಂದು ಮಿನಾಸೆ ಕೇಳಿದಳು.

“ಆಗುತ್ತದೆ,” ಎಂದರು ಗುರುಗಳು. “ಅದಕ್ಕೇ ಮುಂದೆ ಕೂತದ್ದು. ಹಿಂದೆ ಕೂತರೆ ಪಾಠ ಕೇಳಿಸುವುದಿಲ್ಲ, ಅವಮಾನ ಮಾತ್ರ ಕೇಳಿಸುತ್ತದೆ.”

ಮರುದಿನ ಮಿನಾಸೆ ಅವರ ಪಕ್ಕಕ್ಕೆ ಬಂದು ಕೂತಳು.

ಕೊನೆಗೊಮ್ಮೆ ಇಬ್ಬರಿಗೂ ಬಂಡಿ ಮರಳಿ ಸಿಕ್ಕಿತು. ಆದರೆ ಹೊಸ ತೊಂದರೆ ಶುರುವಾಯಿತು.

ಈಗ ಮಿನಾಸೆಯ ಬಾಯಿ ತೆರೆಯುತ್ತಿರಲಿಲ್ಲ. ಹಸಿರು ಕಾಣುತ್ತಿತ್ತು. ನಿಜವೇ ಎಂದು ಮತ್ತೆ ನೋಡುತ್ತಿದ್ದಳು. ಮತ್ತೂ ಒಮ್ಮೆ ನೋಡುತ್ತಿದ್ದಳು. ಅಷ್ಟರಲ್ಲಿ ಕೈ ತಾನಾಗಿ ಬ್ರೇಕಿಗೆ ಹೋಗುತ್ತಿತ್ತು. ದಾರಿ ಬಿಟ್ಟು ಕಾದಿದ್ದ ಪ್ಯಾಸೆಂಜರ್ ಬಂಡಿಯ ಎದುರು, ಹಸಿರು ಸಿಗ್ನಲ್ಲಿನ ಕೆಳಗೆ, ಎಕ್ಸ್‌ಪ್ರೆಸ್ ಬಂಡಿ ತೆವಳುತ್ತಿತ್ತು.

ಅಲ್ಲಿ ಬಂಡಿ ಒಂದು ಗಳಿಗೆ ತಡವಾದರೂ ಗಾರ್ಡ್ ಮೈಕಿನಲ್ಲಿ ಕ್ಷಮೆ ಕೇಳಬೇಕು. ಹೊಸ ಗಾರ್ಡ್ ಕ್ಷಮೆ ಕೇಳಿ ಕೇಳಿ ಸುಸ್ತಾದ.

ಒಂದು ದಿನ ಬಂಡಿ ಕೊನೆಯ ನಿಲ್ದಾಣ ಸೇರಿದ ಮೇಲೆ ಇಬ್ಬರೂ ಬೆಂಚಿನ ಮೇಲೆ ಕೂತು ಬುತ್ತಿ ಬಿಚ್ಚಿದರು.

“ಕಣ್ಣು ನೋಡುತ್ತದೆ ಗುರುಗಳೇ. ಮನಸ್ಸು ಒಪ್ಪುವುದಿಲ್ಲ. ಕಂಡದ್ದು ಈಗಿನದೋ, ನಿನ್ನೆಯದೋ, ಹೇಗೆ ತಿಳಿಯಬೇಕು?”

ಗುರುಗಳು ತಮ್ಮ ಡಬ್ಬಿಯಿಂದ ಒಂದು ಅನ್ನದ ಉಂಡೆ ತೆಗೆದು ಕೊಟ್ಟರು. “ತಿನ್ನು. ಉಪ್ಪು ಹೇಗಿದೆ?”

ಅವಳು ಕಚ್ಚಿದಳು. “ಸ್ವಲ್ಪ ಹೆಚ್ಚಾಗಿದೆ.”

“ಇನ್ನೊಂದು ತಿಂದು ಹೇಳುತ್ತೀಯಾ?”

“ಬೇಡ. ಉಪ್ಪು ಹೆಚ್ಚೇ.”

“ಮತ್ತೆ ಸಿಗ್ನಲ್ಲನ್ನು ಯಾಕೆ ಮೂರು ಮೂರು ಸಲ ತಿನ್ನುತ್ತೀಯ?”

ಮಿನಾಸೆಗೆ ನಗು ಬಂತು. ಅರ್ಥವಾಯಿತು ಎಂದುಕೊಂಡಳು. ಹಿಂದಿರುಗುವಾಗ ಮೊದಲ ಹಸಿರು ಕಂಡಿತು. ಅವಳ ಕೈ ಬ್ರೇಕಿಗೆ ಹೋಯಿತು.

ಅರ್ಥವಾಗಿದ್ದದ್ದು ಅವಳಿಗೆ. ಕೈಗೆ ಆಗಿರಲಿಲ್ಲ.

ಮುಖ್ಯಸ್ಥರು ಗುರುಗಳಿಗೆ ಹೇಳಿದರು. “ಇನ್ನು ಕಾಯಲಾಗುವುದಿಲ್ಲ. ನಾಳೆ ಸಂಜೆ ನೀವು ಒಂದು ಮಾತು ಹೇಳಬೇಕು. ಅವಳು ಡ್ರೈವರ್ ಆಗುತ್ತಾಳೋ, ಹಿಂದಿನ ಬೋಗಿಗೆ ಹೋಗುತ್ತಾಳೋ?”

ಮಿನಾಸೆಗೂ ಅದನ್ನು ತಿಳಿಸಿದರು. ಅಂದು ಅವಳು ಊಟ ಮಾಡಲಿಲ್ಲ.

ಮರುದಿನ ಮತ್ತೆ ಕಡಲ ಗಾಳಿ. ಸುರಂಗ ಮುಗಿಯಿತು, ತಿರುವು ಬಂತು. ನಾಗುಸಾದ ಸಿಗ್ನಲ್ ಹಳದಿಯಾಗಿತ್ತು. ಒಳಗೆ ಬಂದು ನಿಲ್ಲು ಎಂದು ಅದರ ಅರ್ಥ. ಪ್ಯಾಸೆಂಜರ್ ಬಂಡಿ ಅಂದೂ ತಡವಾಗಿತ್ತು.

ಮಿನಾಸೆ ಬಂಡಿಯನ್ನು ಮೆಲ್ಲಗೆ ತಂದು ಪ್ಲಾಟ್‌ಫಾರಮ್ಮಿಗೆ ನಿಲ್ಲಿಸಿದಳು. ಎಂದೂ ನಿಲ್ಲದ ಎಕ್ಸ್‌ಪ್ರೆಸ್ ನಾಗುಸಾದಲ್ಲಿ ನಿಂತಿತು. ಎದುರಿಗೆ, ಹೊರಡುವ ಸಿಗ್ನಲ್ ಕೆಂಪು.

ಆಗ ಗುರುಗಳು ಗಾಜಿಗೆ ಬೆನ್ನು ತಿರುಗಿಸಿ ನಿಂತರು.

“ಏನು ಮಾಡುತ್ತಿದ್ದೀರಿ ಗುರುಗಳೇ?”

“ನನಗೇನೂ ಕಾಣಿಸುತ್ತಿಲ್ಲ. ನೀನೇ ಹೇಳಬೇಕು.”

“ನೀವೂ ನೋಡಬೇಕೆಂದು ನಿಯಮವಿದೆ.”

“ಓಡುವ ಬಂಡಿಯಲ್ಲಿ ಇದೆ. ಇದು ನಿಂತಿದೆ. ಎದುರಿಗೆ ಏನಿದೆ, ಹೇಳು.”

“ಕೆಂಪು.”

“ಮತ್ತೆ?”

“ಮತ್ತೇನಿಲ್ಲ. ಕೆಂಪು ಸಿಗ್ನಲ್.”

“ಅಷ್ಟು ದೊಡ್ಡ ಗಾಜಿನಲ್ಲಿ ಇರುವುದು ಅದೊಂದೇ?”

ಮಿನಾಸೆ ಗಾಜಿನಾಚೆ ನೋಡಿದಳು. “ಹಳಿ ಇದೆ. ಹಳಿಯ ನಡುವೆ ಹುಲ್ಲು ಬೆಳೆದಿದೆ. ಗಾಳಿಗೆ ಎಲ್ಲ ಒಂದೇ ಕಡೆಗೆ ಬಾಗಿದೆ. ಬೇಲಿಯ ಹತ್ತಿರ ಒಬ್ಬಾಕೆ ಮೀನು ಒಣಗಿಸುತ್ತಿದ್ದಾಳೆ. ಕಾಗೆ ಓಡಿಸುತ್ತಿದ್ದಾಳೆ.”

“ಹೋಯಿತೇ ಕಾಗೆ?”

“ಇಲ್ಲ. ಕಂಬದ ಮೇಲೆ ಕೂತಿದೆ. ಅವಳು ಒಳಗೆ ಹೋಗಲಿ ಎಂದು ಕಾಯುತ್ತಿದೆ.”

“ಸಿಗ್ನಲ್?”

“ಕೆಂಪು.”

ಹಿಂದಿನ ಬೋಗಿಗಳಲ್ಲಿ ಜನ ಗಡಿಯಾರ ನೋಡತೊಡಗಿದರು. ಗಾರ್ಡ್ ಮೈಕಿನಲ್ಲಿ ಕ್ಷಮೆ ಕೇಳಿದ. ಸ್ವಲ್ಪ ಹೊತ್ತಿಗೆ ಇನ್ನೊಮ್ಮೆ ಕೇಳಿದ.

ಮಿನಾಸೆಯ ಮಾತು ನಿಲ್ಲಲಿಲ್ಲ. ಅದು ಮೈಕಿನ ದನಿಯಲ್ಲ. ಡಿಪೊದವರು ಹೊಗಳಿದ ದನಿಯೂ ಅಲ್ಲ. ಕಣ್ಣು ಕಾಣದವರ ಕೈ ಹಿಡಿದು ರಸ್ತೆ ದಾಟಿಸುವಾಗ ಬರುತ್ತದಲ್ಲ, ಅಂಥ ಮೆಲ್ಲನೆಯ ದನಿ.

“ದೂರದಲ್ಲಿ ದೀಪ ಕಾಣುತ್ತಿದೆ ಗುರುಗಳೇ. ಪ್ಯಾಸೆಂಜರ್ ಬರುತ್ತಿದೆ. ಬಂತು. ಪಕ್ಕದ ಹಳಿಗೆ ತಿರುಗಿತು. ಮಕ್ಕಳಿದ್ದಾರೆ.”

“ಕೈ ಬೀಸುತ್ತಿದ್ದಾರಾ?”

“ಹೌದು.”

ಅವಳ ಕಣ್ಣು ತುಂಬಿತು. ಒರೆಸಿಕೊಂಡಳು. ನೀರು ತುಂಬಿದ ಕಣ್ಣಿನಲ್ಲಿ ಸಿಗ್ನಲ್ ನೋಡುವ ಹಾಗಿಲ್ಲ. ಆಮೇಲೆ ಕೈಯೆತ್ತಿ ಮಕ್ಕಳಿಗೆ ಬೀಸಿದಳು.

“ಪ್ಯಾಸೆಂಜರ್ ನಿಂತಿತೇ?” ಎಂದರು ಗುರುಗಳು.

“ಪೂರ್ತಿ ನಿಂತಿದೆ.”

“ಹಾಗಾದರೆ ಸಿಗ್ನಲ್ ಹಸಿರಾಗಿರಬೇಕು.”

“ಆಗಿರಬೇಕು. ಆಗಿಲ್ಲ.”

“ದಾರಿ ಖಾಲಿಯಿದೆ. ಬಂಡಿ ತಡವಾಗಿದೆ. ಆ ಬಂಡಿ ಒಳಗೆ ನಿಂತಿದ್ದರೆ ಇದು ಹಸಿರಾಗಿರುವುದನ್ನು ನಾನು ಎಷ್ಟೋ ವರ್ಷ ನೋಡಿದ್ದೇನೆ. ಸರಿಯಾಗಿ ನೋಡು.”

“ನೋಡುತ್ತಿದ್ದೇನೆ ಗುರುಗಳೇ. ಕೆಂಪು.”

“ನಾನು ಹೇಳಿದರೂ?”

ಗುರುವಿನ ಮಾತಿಗೆ ಎದುರಾಡಿ ಅವಳಿಗೆ ಅಭ್ಯಾಸವಿಲ್ಲ. ಸಂಜೆ ಆ ಒಂದು ಮಾತು ಹೇಳಬೇಕಾದವರೂ ಅವರೇ.

“ನೀವು ಹೇಳಿದರೂ ಕೆಂಪೇ.”

ಗಾಳಿ ಗಾಜಿಗೆ ಬಡಿಯುತ್ತಿತ್ತು. ಮಿನಾಸೆ ಕಣ್ಣು ಮಿಟುಕಿಸದೆ ಕೂತಿದ್ದಳು.

ಬಣ್ಣ ಬದಲಾಯಿತು.

ಅವಳು ಒಮ್ಮೆ ನೋಡಿದಳು. ಬೆರಳು ಎತ್ತಿದಳು. ಬೆರಳಿನ ತುದಿಯಿಂದಾಚೆ ಹೊಸ ಬಣ್ಣ ಹಾಗೇ ಇತ್ತು.

“ಹೊರಡುವ ಸಿಗ್ನಲ್, ಹಸಿರು.”

ಅವಳ ಇನ್ನೊಂದು ಕೈ ಬ್ರೇಕಿಗೆ ಹೋಗಲಿಲ್ಲ. ಆದರೂ ಅವಳು ಪಕ್ಕಕ್ಕೆ ತಿರುಗಿದಳು. ಗುರುಗಳು ಇನ್ನೂ ಗಾಜಿಗೆ ಬೆನ್ನು ಹಾಕಿಯೇ ನಿಂತಿದ್ದರು.

“ಹೊರಡುವ ಮೊದಲು ನೀವೂ ಒಮ್ಮೆ ನೋಡಿಬಿಡಿ ಗುರುಗಳೇ.”

“ನಿನ್ನ ಕಣ್ಣಿನಿಂದ ನೋಡಿದೆ. ಆಗಬಹುದು. ಹೊರಡು.”