ಹೊಳೆಗೆ ಬಿಡಬೇಕಾದ ಹೆಸರು

"ಮೆಲಿ..." ಎಂದು ಅವ್ವ ತಡೆದಳು. "ಮೆಲಿ... ಮೆಲ್ಲಿ... ಮುಂದೇನದು ಮಗಳೇ?"

"ಮೆಲಿಸ್ಸಾ, ಅವ್ವಾ."

"ಹಾಂ, ಅದೇ. ನಾಲಿಗೆ ತುದಿತನಕ ಬರ್ತದೆ. ಆಮೇಲೆ ಹಲ್ಲಿಲ್ಲದ ಜಾಗದಲ್ಲಿ ಜಾರಿ ಹೋಗ್ತದೆ."

ಹೊಳೆಯ ದಂಡೆಯ ಆ ಆಶ್ರಮದಲ್ಲಿ ಮೂರು ವರ್ಷದಿಂದ ದಿನವೂ ನಡೆಯುವ ಮಾತು ಇದು. ಅವ್ವ ಅಂದರೆ ಅಲ್ಲಿನ ಗುರು. ಎಂಬತ್ತಕ್ಕೆ ಎರಡು ಕಡಿಮೆ. ಹುಟ್ಟಿದ ಊರು ಎಲ್ಲೋ ಮೂರು ಹೊಳೆಯಾಚೆ. ಮೆಲಿಸ್ಸಾ ಕಡಲ ಕಡೆಯ ಹುಡುಗಿ. ಬಂದಾಗ ಹದಿನೆಂಟು, ಈಗ ಇಪ್ಪತ್ತೊಂದು.

ಆಶ್ರಮದ ದಪ್ಪ ಮಣ್ಣಿನ ಗೋಡೆಯಲ್ಲಿ ಸಾಲಾಗಿ ಒಂಬತ್ತು ಗಡಿಗೆ ಹುದುಗಿಸಿದ್ದರು. ಒಂದೊಂದಕ್ಕೂ ಹೊರಗೆ ಬೆರಳಗಲದ ಒಂದು ಕಂಡಿ. ಆ ಕಂಡಿಯಿಂದ ಜೇನುನೊಣಗಳು ಬಂದು ಹೋಗುತ್ತಿದ್ದವು. ಆ ಜೇನಿನಲ್ಲೇ ಅವ್ವ ಕೆಮ್ಮಿಗೆ, ಸುಟ್ಟ ಗಾಯಕ್ಕೆ, ಮಕ್ಕಳ ಬಾಯಿಹುಣ್ಣಿಗೆ ಔಷಧಿ ಮಾಡಿ ಕೊಡುತ್ತಿದ್ದಳು.

ಆಶ್ರಮದಲ್ಲಿ ಒಂದು ಪದ್ಧತಿ ಇತ್ತು. ಬಂದವರು ಮೂರು ವರ್ಷ ಕಳೆದ ಮೇಲೆ ಭಾರತ ಹುಣ್ಣಿಮೆಯ ದಿನ ಹೊಳೆಯಲ್ಲಿ ಮೂರು ಸಲ ಮುಳುಗಿ, ಹಳೆಯ ಹೆಸರನ್ನು ನೀರಿಗೆ ಬಿಡಬೇಕು. ಅವ್ವ ಕಿವಿಯಲ್ಲಿ ಹೊಸ ಹೆಸರು ಹೇಳುತ್ತಾಳೆ. ಅದನ್ನು ಆಶ್ರಮದ ಪುಸ್ತಕದಲ್ಲಿ ಬರೆಯುತ್ತಾರೆ. ಹೆಸರು ಪುಸ್ತಕಕ್ಕೆ ಬಿದ್ದವಳು ಮಾತ್ರ ತನ್ನ ಕೈಯಿಂದ ಔಷಧಿ ಕೊಡಬಹುದು.

ಮೆಲಿಸ್ಸಾ ಆ ದಿನಕ್ಕಾಗಿ ಕಾಯುತ್ತಿದ್ದಳು. ಔಷಧಿ ಅರೆಯುವವಳು ಅವಳು, ಸೋಸುವವಳು ಅವಳು. ಕೊಡುವಾಗ ಮಾತ್ರ ಬಟ್ಟಲು ಬೇರೆಯವರ ಕೈಗೆ ಹೋಗುತ್ತಿತ್ತು. ಬಂದವರು ಬಟ್ಟಲು ಕೊಟ್ಟವಳಿಗೆ ಕೈ ಮುಗಿದು, ಇವಳ ಕಡೆ ತಿರುಗಿ, "ನೀನು ಯಾವ ಊರಿನವಳವ್ವ, ನಿನ್ನ ಹೆಸರೇನಂದೆ?" ಎಂದು ಮೂರನೆಯ ಸಲ ಕೇಳುತ್ತಿದ್ದರು.

ಹುಣ್ಣಿಮೆಗೆ ಎರಡು ತಿಂಗಳಿರುವಾಗ ಅವಳು ಅವ್ವನ ಮುಂದೆ ಕೂತಳು.

"ಅವ್ವಾ, ಈ ಸಲ ನನ್ನ ಹೆಸರು ಹೊಳೆಗೆ ಬಿಡ್ತೀನಿ."

"ಬಿಡು. ಅದರೊಳಗೆ ಏನಿದೆ?"

"ಅಂದರೆ?"

"ಹಾಗೆಂದರೇನು, ಯಾರು ಇಟ್ಟರು, ಯಾಕೆ ಇಟ್ಟರು."

"ಗೊತ್ತಿಲ್ಲ, ಅವ್ವಾ. ಅಪ್ಪ ಇಟ್ಟಿದ್ದಂತೆ. ನನಗೆ ನಾಲ್ಕು ವರ್ಷ ಆಗಿದ್ದಾಗ ಅವನು ಹಡಗು ಹತ್ತಿ ಹೋದವನು ಬರಲೇ ಇಲ್ಲ. ಕೇಳೋದಕ್ಕೆ ಆಗಲಿಲ್ಲ."

ಪಕ್ಕದಲ್ಲಿ ಬತ್ತಿ ಹೊಸೆಯುತ್ತಿದ್ದ ಹಿರಿಯ ಶಿಷ್ಯೆ ಕೆಂಚವ್ವ ನಕ್ಕಳು. "ನಮ್ಮದೆಲ್ಲ ಸುಲಭ ಇತ್ತು ನೋಡು. ಹುಟ್ಟಿದಾಗ ಕೆಂಪಗಿದ್ದೆ, ಕೆಂಚಿ ಅಂದರು. ಬೆಳೆದ ಮೇಲೆ ಕಪ್ಪಗಾದೆ, ಹೊಳೆಗೆ ಬಿಟ್ಟೆ. ಈಗಲೂ ಎಲ್ಲರೂ ಕೆಂಚವ್ವ ಅಂತಲೇ ಕರೀತಾರೆ, ಅದು ಬೇರೆ ಮಾತು."

ಅವ್ವ ಮೆಲಿಸ್ಸಾಳನ್ನೇ ನೋಡಿದಳು. "ಬಿಚ್ಚಿ ನೋಡದ ಗಂಟನ್ನು ನೀರಿಗೆ ಹಾಕಬಾರದು ಮಗಳೇ. ಕೇಳಿ ಬರೆಸಿಕೋ."

ಮೆಲಿಸ್ಸಾ ತನ್ನನ್ನು ಸಾಕಿದ ಸೋದರತ್ತೆಗೆ ಕಾಗದ ಬರೆದಳು. ತಿಂಗಳ ಮೇಲೆ ಉತ್ತರ ಬಂತು. ಅವ್ವನ ಕಣ್ಣು ಮಂಜು. ಅದಕ್ಕೆ ಮೊಮ್ಮಗಳು ನೀಲಾ ಗಟ್ಟಿಯಾಗಿ ಓದಿದಳು. ಹನ್ನೊಂದು ವರ್ಷದ ನೀಲಾಳೇ ಆಶ್ರಮದ ಓದು ಬರಹ ನೋಡಿಕೊಳ್ಳುವವಳು.

"ನಿನ್ನ ಅಪ್ಪ ಹಡಗಿನಲ್ಲಿ ಅಡುಗೆ ಮಾಡುತ್ತಿದ್ದ. ಒಂದು ಸಲ ಗ್ರೀಸ್ ದೇಶದ ಬಂದರಿನಲ್ಲಿ ಜ್ವರ ಬಂದು ಮಲಗಿದ. ಹಡಗು ಅವನನ್ನು ಬಿಟ್ಟು ಹೊರಟುಹೋಯಿತು. ದಡದಲ್ಲಿ ಜೇನು ಮಾರುತ್ತಿದ್ದ ಒಬ್ಬ ಮುದುಕಿ ಹದಿನೇಳು ದಿನ ಅವನನ್ನು ತನ್ನ ಮನೆಯಲ್ಲಿಟ್ಟುಕೊಂಡು, ಬಿಸಿನೀರಿಗೆ ಜೇನು ಕಲಸಿ ಕುಡಿಸಿ ಬದುಕಿಸಿದಳು. ಅವಳ ಮಾತು ಇವನಿಗೆ ಗೊತ್ತಿಲ್ಲ, ಇವನ ಮಾತು ಅವಳಿಗೆ ಗೊತ್ತಿಲ್ಲ. ಅವಳು ಎದೆ ಮುಟ್ಟಿಕೊಂಡು 'ಮೆಲಿಸ್ಸಾ' ಅಂದಳಂತೆ. ಅಷ್ಟೇ. ಮುಂದೆ ನೀನು ಹುಟ್ಟಿದೆ.

"ಮೊನ್ನೆ ನಮ್ಮ ಶಾಲೆಯ ಮೇಷ್ಟರನ್ನು ಕೇಳಿದೆ. ಗ್ರೀಕರ ಮಾತಿನಲ್ಲಿ ಮೆಲಿ ಅಂದರೆ ಜೇನು, ಮೆಲಿಸ್ಸಾ ಅಂದರೆ ಜೇನುನೊಣ ಅಂದರು. ಹಿಂದಿನ ಕಾಲದಲ್ಲಿ ಅಲ್ಲಿನ ದೇವಿಯ ಗುಡಿಗಳಲ್ಲಿ ಸೇವೆಗೆ ನಿಂತ ಹೆಂಗಸರನ್ನೂ ಹಾಗೇ ಕರೆಯುತ್ತಿದ್ದರಂತೆ. ಹುಷಾರಾಗಿರು. ಎಣ್ಣೆ ಹಚ್ಚಿ ತಲೆ ಬಾಚಿಕೋ."

ಕೆಂಚವ್ವ ಬತ್ತಿ ಕೆಳಗಿಟ್ಟಳು. "ನೊಣ! ಒಂದು ನೊಣಕ್ಕೆ ಇಷ್ಟುದ್ದ ಹೆಸರೇ?"

ಅವ್ವ ಬೊಚ್ಚು ಬಾಯಿ ತೆರೆದು ನಕ್ಕಳು. "ಹಾಗಾದರೆ ಮೂರು ವರ್ಷ ನಾನು ಇವಳನ್ನು ಜೇನೇ, ಜೇನೇ ಅಂತ ಕರೆದಿದ್ದೀನಿ. ಅರ್ಧ ಹೆಸರಾದರೂ ಸುಳ್ಳು ಹೇಳಲಿಲ್ಲ."

ಮೆಲಿಸ್ಸಾ ನಗಲಿಲ್ಲ. "ಅರ್ಥ ಸಿಕ್ಕಿತಲ್ಲ ಅವ್ವಾ. ಈಗ ಬಿಡಬಹುದೇ?"

"ಅರ್ಥ ಕಾಗದದಲ್ಲಿ ಸಿಕ್ಕಿತು," ಎಂದಳು ಅವ್ವ. "ಕೊನೆಯ ಗಡಿಗೆ ಇವತ್ತಿನಿಂದ ನಿನ್ನ ಸುಪರ್ದಿಗೆ. ನೋಡಿಕೋ."

ಕೊನೆಯ ಗಡಿಗೆಯಲ್ಲಿ ಎಲ್ಲಕ್ಕಿಂತ ಹೆಚ್ಚು ಜೇನಿತ್ತು. ಕಿವಿಯಿಟ್ಟರೆ ಗೋಡೆಯೇ ಉಸಿರಾಡಿದಂತೆ ಕೇಳುತ್ತಿತ್ತು. ಮೆಲಿಸ್ಸಾ ಇರುವೆ ಹತ್ತದಂತೆ ಗೋಡೆಯ ಬುಡಕ್ಕೆ ಬೂದಿ ಹಾಕಿದಳು. ಕಂಡಿಯ ಮುಂದಿನ ಜೇಡರ ಬಲೆ ತೆಗೆದಳು. ಪಕ್ಕದ ಗಡಿಗೆಯ ನೊಣವೊಂದು ತಪ್ಪಿ ಬಂದರೆ ಕಾವಲಿನ ನೊಣಗಳು ಮೂಸಿ ಮೂಸಿ ತಳ್ಳುವುದನ್ನು ನೋಡಿದಳು.

"ಎಲ್ಲವೂ ಒಂದೇ ಥರ ಇವೆ. ತಮ್ಮವು ಯಾವುವು ಅಂತ ಅವಕ್ಕೆ ಹೇಗೆ ಗೊತ್ತಾಗ್ತದೆ ಅವ್ವಾ?"

"ವಾಸನೆಯಿಂದ. ಹೊರಗೆ ಹುಟ್ಟಿದ್ದಾದರೂ ಆ ಮನೆಯೊಳಗೆ ದುಡಿದು ದುಡಿದು ಮೈಗೆ ಆ ಮನೆಯ ವಾಸನೆ ಹತ್ತಬೇಕು. ಹತ್ತಿದ ಮೇಲೆ ಯಾರೂ ತಡೆಯೋದಿಲ್ಲ."

ಹುಣ್ಣಿಮೆಗೆ ಮೂರು ದಿನ ಉಳಿದಿತ್ತು. ಬಿಸಿಲೇರುವ ಹೊತ್ತು. ಮೆಲಿಸ್ಸಾ ಹಿತ್ತಲಿಗೆ ಬಂದಾಗ ಕೊನೆಯ ಗಡಿಗೆಯ ಕಂಡಿಯಿಂದ ನೊಣಗಳು ನೀರು ಸುರಿದಂತೆ ಸುರಿಯುತ್ತಿದ್ದವು. ಹೋದವು ತಿರುಗಿ ಬರುತ್ತಿರಲಿಲ್ಲ. ಅಂಗಳದ ಮೇಲೆ ಗಿರ್ರೆಂದು ಸುತ್ತುತ್ತಿದ್ದವು.

ತನ್ನ ಸುಪರ್ದಿಗೆ ಬಂದ ಗಡಿಗೆ. ಅದೂ ಈಗ, ಹುಣ್ಣಿಮೆಯ ಹೊತ್ತಿಗೆ, ಬರಿದಾಗಿ ಹೋಗುತ್ತಿದೆ.

ಅವಳು ಬಾವಿಕಟ್ಟೆಯ ಹಸಿಮಣ್ಣು ಹಿಡಿ ತುಂಬ ತಂದು ಕಂಡಿಗೆ ಮೆತ್ತಿಬಿಟ್ಟಳು.

ಒಳಗೆ ಸದ್ದು ಏರಿತು. ಗೋಡೆ ಬೆಚ್ಚಗಾಯಿತು. ಸದ್ದು ಇನ್ನೂ ಏರಿತು.

ಅವ್ವ ಕೋಲೂರಿಕೊಂಡು ಬಂದಳು. ಕಂಡಿ ನೋಡಿದಳು, ಹುಡುಗಿಯ ಕೈ ನೋಡಿದಳು.

"ಏನು ಮಾಡಿದೆ?"

"ಮನೆ ಬಿಟ್ಟು ಹೋಗ್ತಾ ಇದ್ದವು ಅವ್ವಾ. ತಡೆದೆ."

"ತಡೆದರೆ ಉಳಿದವೂ ಬೆಂದು ಸಾಯ್ತವೆ. ತೆಗೆ."

"ನಾನೇ?"

"ಮೆತ್ತಿದ ಕೈಯೇ ತೆಗೀಬೇಕು."

ಮೆಲಿಸ್ಸಾ ಬೆರಳು ಹಾಕಿ ಮಣ್ಣು ಕೆರೆದಳು. ಮೊದಲು ಹೊರಬಂದ ನೊಣ ಹೆಬ್ಬೆರಳಿಗೆ ಕಚ್ಚಿತು, ಎರಡನೆಯದು ಮಣಿಕಟ್ಟಿಗೆ. ಅವಳು ಹಲ್ಲು ಕಚ್ಚಿಕೊಂಡು ಕೆರೆದಳು. ಹನ್ನೊಂದು ಕಡಿತ ಬಿದ್ದ ಮೇಲೆ ಕಂಡಿ ಪೂರಾ ತೆರೆಯಿತು. ಅವಳು ಕೈ ಹಿಂದೆಗೆಯಲಿಲ್ಲ, ಓಡಲೂ ಇಲ್ಲ.

"ಈಗ ನೋಡು," ಎಂದಳು ಅವ್ವ. "ನಡುವೆ ಒಂದು ನಿಧಾನವಾಗಿ ಬರ್ತದೆ."

ಬಂತು. ಉಳಿದವಕ್ಕಿಂತ ಉದ್ದ, ಕಪ್ಪು. ರೆಕ್ಕೆಯ ಅಂಚು ಸವೆದಿತ್ತು. ಕಂಡಿಯ ಬಾಯಲ್ಲಿ ಒಂದು ಗಳಿಗೆ ನಿಂತು ಹಾರಿತು.

"ರಾಣಿ?"

"ರಾಣಿ. ಹಳೆಯದೋ, ಹೊಸದೋ?"

"ಹೊಸದು ಇರಬೇಕು. ಹೊಸಬರೇ ಅಲ್ಲವೇ ಬೇರೆ ಮನೆ ಹುಡುಕಿಕೊಂಡು ಹೋಗೋದು?"

"ಅಲ್ಲ. ಹೋಗೋದು ಮುದುಕಿ. ಮಗಳು ಇನ್ನೂ ಮೇಣದ ತೊಟ್ಟಿಲು ಒಡೆದು ಹೊರಗೆ ಬಂದಿಲ್ಲ. ಕಟ್ಟಿದ ಮೇಣದ ಎರಿ, ತುಂಬಿದ ಜೇನು, ಮರಿಗಳು, ಎಲ್ಲ ಅದಕ್ಕೆ ಬಿಟ್ಟು, ಹೊಟ್ಟೆಯಲ್ಲಿ ಹಿಡಿಸುವಷ್ಟು ತುಂಬಿಕೊಂಡು ಹಳಬರು ಹೊರಡ್ತಾರೆ."

ಮೆಲಿಸ್ಸಾಳ ಕೈ ಊದುತ್ತಿತ್ತು. "ಹಾಗಾದರೆ ನನ್ನ ಗಡಿಗೆ ಬರಿದಾಗಲಿಲ್ಲವೇ?"

"ನಿನ್ನ ಗಡಿಗೆ ಒಂದು ಇದ್ದದ್ದು ಎರಡಾಯಿತು."

ನೊಣಗಳು ಹೊಳೆಯ ದಂಡೆಯ ಹೊಂಗೆ ಕೊಂಬೆಗೆ ಗೊನೆಯಂತೆ ಜೋತುಬಿದ್ದವು. ಕೆಂಚವ್ವ ಬುಟ್ಟಿ ಹಿಡಿದು ಅವನ್ನು ಮೆಲ್ಲಗೆ ಇಳಿಸಿಕೊಂಡಳು. ಬುಟ್ಟಿಗೆ ಬಟ್ಟೆ ಕಟ್ಟಿ, ಹೋಗುವಾಗ ಅಂದಳು: "ನೊಣದ ಹೆಸರಿನವಳು ನೊಣಕ್ಕೇ ಬಾಗಿಲು ಹಾಕಿದಳಲ್ಲವ್ವ."

ಭಾರತ ಹುಣ್ಣಿಮೆಯ ಬೆಳಿಗ್ಗೆ ಮೆಲಿಸ್ಸಾ ಹೊಸ ಸೀರೆ ಉಟ್ಟು ಹೊಳೆಗೆ ಬಂದಳು. ಕೈಯ ಊತ ಇಳಿದಿತ್ತು. ಮೆಟ್ಟಿಲ ಮೇಲೆ ನೀಲಾ ಆಶ್ರಮದ ಪುಸ್ತಕ ತೊಡೆಯ ಮೇಲಿಟ್ಟುಕೊಂಡು ಕೂತಿದ್ದಳು. ನೀರಿನಲ್ಲಿ ಒಂದು ಹರಿಗೋಲು. ಅದರಲ್ಲಿ ಬಟ್ಟೆ ಕಟ್ಟಿದ ಅದೇ ಬುಟ್ಟಿ, ಒಂದು ಕೊಡ ಜೇನು, ಒಂದು ಗಂಟು. ಕೆಂಚವ್ವ ಮತ್ತು ಇನ್ನಿಬ್ಬರು ಹಿರಿಯರು ಆಗಲೇ ಹತ್ತಿ ಕೂತಿದ್ದರು.

"ಅವ್ವಾ, ಇವರೆಲ್ಲ ಎಲ್ಲಿಗೆ?"

"ಆಚೆ ದಡಕ್ಕೆ. ನಾನೂ."

"ಯಾವಾಗ ಬರ್ತೀರಿ?"

"ಬರೋದಿಲ್ಲ. ಆಚೆ ಮೂರು ಹಳ್ಳಿಗೆ ಔಷಧಿ ಕೊಡೋರಿಲ್ಲ. ಹೊಳೆ ತುಂಬಿದಾಗ ಈಚೆಗೆ ಬರಲಾರದೆ ಹೋದ ವರ್ಷ ಎರಡು ಕೂಸು ಕೆಮ್ಮಿ ಕೆಮ್ಮಿ ಹೋದವು. ಅಲ್ಲೊಂದು ಗೋಡೆ ಕಟ್ಟಬೇಕು."

"ಈ ವಯಸ್ಸಿನಲ್ಲಿ?"

"ಇನ್ಯಾವ ವಯಸ್ಸಿನಲ್ಲಿ? ಹೊಸದಾಗಿ ಕಟ್ಟೋದಕ್ಕೆ ಹಳೆಯ ಕೈಗಳು ಬೇಕು. ತುಂಬಿದ ಮನೆ ನಡೆಸೋದಕ್ಕೆ ಹೊಸಬಳು ಸಾಕು. ಈ ಮನೆ ನಿನಗೆ."

ಮೆಲಿಸ್ಸಾ ಬಾಗಿ ಹರಿಗೋಲಿನ ಹಗ್ಗ ಹಿಡಿದುಕೊಂಡಳು. ಎರಡೂ ಕೈಯಲ್ಲಿ ಬಿಗಿಯಾಗಿ ಹಿಡಿದುಕೊಂಡಳು. "ಹೋಗಬೇಡಿ. ನಾನು ಬಿಡೋದಿಲ್ಲ."

ಅವ್ವ ಅವಳ ಕೈಗಳನ್ನೇ ನೋಡಿದಳು.

"ಕೈಯಲ್ಲಿ ಮಣ್ಣಿದೆಯೇನು ಮಗಳೇ?"

ಬುಟ್ಟಿಯೊಳಗೆ ಸಣ್ಣಗೆ ಗುಂಯ್ ಎನ್ನುತ್ತಿತ್ತು.

ಮೆಲಿಸ್ಸಾ ಹಗ್ಗ ಬಿಟ್ಟಳು.

"ಹಾಂ. ಈಗ ಹೆಸರಿನ ಕೆಲಸ ಮುಗಿಸೋಣ. ಏನದರ ಅರ್ಥ? ಯಾರು ಕೊಟ್ಟರು?"

ಮೆಲಿಸ್ಸಾ ಸೆರಗಿನಿಂದ ಮುಖ ಒರೆಸಿಕೊಂಡಳು. "ಜೇನುನೊಣ. ಗುರುತು ಪರಿಚಯ ಇಲ್ಲದವನಿಗೆ ಜೇನುನೀರು ಕುಡಿಸಿ ಬದುಕಿಸಿದ ಒಬ್ಬ ಮುದುಕಿಯ ಹೆಸರು. ಬದುಕಿದವನು ನನಗೆ ಇಟ್ಟ. ಹೋಗುವಾಗ ಅವನು ಬಿಟ್ಟುಹೋದದ್ದು ಅದೊಂದೇ."

"ಈಗ ಹೊಳೆಗೆ ಬಿಡ್ತೀಯಾ?"

ಅವಳು ನೀರು ನೋಡಿದಳು. ಕಾಲಿನವರೆಗೆ ಬಂದು ಬಂದು ಹೋಗುತ್ತಿತ್ತು.

"ಇಲ್ಲ, ಅವ್ವಾ. ಇಟ್ಟುಕೊಳ್ತೀನಿ."

ಹರಿಗೋಲಿನಿಂದ ಕೆಂಚವ್ವ ಕತ್ತು ಚಾಚಿದಳು. "ಪುಸ್ತಕದಲ್ಲಿ ಇರೋದೆಲ್ಲ ಈ ಮನೆಯಲ್ಲಿ ಕೊಟ್ಟ ಹೆಸರುಗಳು. ಇದೊಂದು ಎಲ್ಲಿಯದೋ ಹೆಸರು. ಔಷಧಿಗೆ ಬಂದವರು ಒಪ್ಪಬೇಕಲ್ಲ?"

"ನೀನು ಅವಳ ಪಕ್ಕ ನಿಂತು ಮೂಸಿದ್ದೀಯಾ?" ಎಂದಳು ಅವ್ವ. "ಮೂರು ವರ್ಷದ ನಮ್ಮ ಒಲೆಯ ಹೊಗೆ, ನಮ್ಮ ಮೇಣ, ನಮ್ಮ ಹೊಳೆಯ ನೀರು. ಹನ್ನೊಂದು ಕಡಿತ ಬಿದ್ದರೂ ಕಂಡಿ ಬಿಟ್ಟು ಕದಲದ ಮೈ ಅದು. ಕೆಮ್ಮುವ ಮಗು ಬಟ್ಟಲು ನೋಡ್ತದೆ, ಪುಸ್ತಕ ನೋಡೋದಿಲ್ಲ."

ಕೆಂಚವ್ವ ತನ್ನ ಸೊಂಟದಿಂದ ಔಷಧಿ ಕೋಣೆಯ ಬೀಗದ ಕೈ ಬಿಚ್ಚಿ ದಡಕ್ಕೆ ಎಸೆದಳು. ಮೆಲಿಸ್ಸಾಳ ಕಾಲ ಬಳಿ ಬಿತ್ತು.

"ಶುಂಠಿ ಕಷಾಯಕ್ಕೆ ಜೇನು ಬಿಸಿಯಲ್ಲಿ ಹಾಕಬೇಡ," ಎಂದಳು. "ಆರಿದ ಮೇಲೆ ಹಾಕು. ನೊಣವೇ ಆದರೂ ಹೇಳಿಕೊಡಬೇಕಾಗ್ತದೆ."

"ಗೊತ್ತು ಅಕ್ಕಾ. ನಿಮಗೆ ಅರೆದು ಕೊಟ್ಟವಳು ನಾನೇ ಅಲ್ಲವೇ?"

ಹರಿಗೋಲಿನಲ್ಲಿ ಎಲ್ಲರೂ ನಕ್ಕರು. ಕೆಂಚವ್ವನೂ ನಕ್ಕಳು.

ಅವ್ವ ಕೋಲನ್ನು ಒಳಗಿಟ್ಟು, ಮೆಲಿಸ್ಸಾಳ ಭುಜ ಹಿಡಿದು ಹರಿಗೋಲಿಗೆ ಇಳಿದಳು. ಕೂತು ಸೆರಗು ಸರಿಮಾಡಿಕೊಂಡಳು. ನೀಲಾ ಪುಸ್ತಕ ತೆರೆದು ಲೇಖನಿ ಹಿಡಿದು, ಅಜ್ಜಿಯ ಬಾಯನ್ನೇ ನೋಡುತ್ತಿದ್ದಳು.

"ಮೆಲಿ..." ಎಂದು ಅವ್ವ ತಡೆದಳು.

ನೀಲಾಳ ಲೇಖನಿ ಕಾಗದದ ಮೇಲೆ ನಿಂತಿತು.

"ಬರೆದುಕೋ ಮಗಾ," ಎಂದಳು ಅವ್ವ. "ನಾನು ಹೇಳಿದ ಹಾಗಲ್ಲ. ಅವಳು ಹೇಳಿದ ಹಾಗೆ ಬರೆ."